ಹಿಂದಕ್ಕೆ ಹೆಜ್ಜೆ ಇಡುವವಳಿಗೆ

ಮುದ್ದು ಮಗಳೇ,

ನಾಳೆ ಕಥಾಚಿತ್ರವೊಂದಕ್ಕೆ ಕ್ಯಾಮೆರಾ ಹಿಡಿಯಲು ಹೊರಡುತ್ತೀಯ. ನಿನ್ನೆ ಫೋನಿನಲ್ಲಿ ಇಬ್ಬರೂ ಆಡಿದ್ದನ್ನು ಇಲ್ಲಿ ಮತ್ತೆ ಬರೆಯಲ್ಲ. ನನ್ನ ದನಿ ಜೋರಾಯಿತು, ಬೇಸರ ಮಾಡ್ಕೋಬೇಡ. ಆದರೂ ಆ ಸಿನಿಮಾದ ಬಜೆಟ್ ಎಷ್ಟು ಅಂತ ಕೇಳಿದ್ದು ನಿನ್ನ ಸಂಬಳದ ಚಿಂತೆಗಲ್ಲ ಕಣೇ.

ನಿನ್ನ ಸಾಕ್ಷ್ಯಚಿತ್ರದಲ್ಲಿ ಕಲ್ಲುಗಣಿಯ ದೃಶ್ಯ ಇದೆಯಲ್ಲ, ಕೆಲಸದ ಹೆಂಗಸೊಬ್ಬಳು ತಲೆಮೇಲೆ ಕಲ್ಲು ಹೊತ್ತು ಏರು ಹತ್ತಿ ಬರುತ್ತಾಳೆ, ನೀನು ಕ್ಯಾಮೆರಾ ಹೆಗಲಿಗೇರಿಸಿ ಅವಳ ಮುಂದೆ ಹಿಮ್ಮುಖವಾಗಿ ನಡೆಯುತ್ತೀಯ. ನೋಡಿದವರೆಲ್ಲ ಅವಳ ಮುಖ ನೋಡಿದರು. ನಾನು ನೋಡಿದ್ದು, ನಡುವೆ ಒಮ್ಮೆ ಫ್ರೇಮ್ ಎಡಕ್ಕೆ ವಾಲಿ ಸರಿಹೋಗುವುದನ್ನು. 24 ಫ್ರೇಮೂ ಇರಲಿಕ್ಕಿಲ್ಲ, ಒಂದು ಸೆಕೆಂಡಿಗಿಂತ ಕಡಿಮೆ. ಆಗ ನಿನ್ನ ಕಾಲು ಎಲ್ಲಿತ್ತು? ಒಂದು ಕಣ್ಣು ವ್ಯೂಫೈಂಡರಿಗೆ ಒತ್ತಿರುತ್ತೆ, ಇನ್ನೊಂದನ್ನು ಮುಚ್ಚಿಕೊಂಡಿರುತ್ತೀಯ. ಹಿಂದೆ ಯಾರಿದ್ದರು ಅಂದರೆ 'ಸೌಂಡ್‌ನವನು ಇದ್ದ' ಅಂತೀಯ. ಅವನ ಎರಡೂ ಕೈಯಲ್ಲಿ ಬೂಮ್, ಆ ಮೈಕಿನ ಕೋಲು, ಇರುತ್ತಲ್ಲ!

ಶಾಟ್ ಚೆನ್ನಾಗಿದೆ, ಅದರಲ್ಲಿ ಎರಡು ಮಾತಿಲ್ಲ. ಅವಳನ್ನು ನಿಲ್ಲಿಸಲಿಲ್ಲ, 'ಇನ್ನೊಂದು ಸಲ ಹತ್ತಿ ಬನ್ನಿ' ಅನ್ನಲಿಲ್ಲ, ಅವಳ ನಡಿಗೆಗೆ ನಿನ್ನ ನಡಿಗೆ ಹೊಂದಿಸಿಕೊಂಡೆ. ಅದನ್ನು ನೋಡಿಯೇ ಈ ನಿರ್ದೇಶಕಿ ನಿನ್ನನ್ನು ಕರೆದಿದ್ದು. ಕಂಡಕಂಡವರಿಗೆಲ್ಲ ಹೇಳಿದ್ದೇನೆ, ನಿನಗೊಬ್ಬಳಿಗೇ ಹೇಳಿರಲಿಲ್ಲ.

ಕಥಾಚಿತ್ರದಲ್ಲಿ ಎಲ್ಲ ಮೊದಲೇ ನಿಗದಿ, ನಟರು ನಿಲ್ಲುವ ಜಾಗಕ್ಕೂ ಟೇಪ್ ಅಂಟಿಸಿರುತ್ತಾರೆ, ಫೋಕಸ್ ಸರಿಮಾಡುತ್ತಿರಲು ಫೋಕಸ್ ಪುಲ್ಲರ್ ಬೇರೆ ಇರ್ತಾರೆ ಅಂತ ನೀನು ಅಂದೆ. ಓದಿಕೊಂಡೆ ಮಾರಾಯ್ತಿ. ಇಂಡೋಚೀನಾ ಯುದ್ಧದ ಫೋಟೋ ತೆಗೆಯುತ್ತಿದ್ದ ರೌಲ್ ಕುತಾರ್, ಫ್ರೆಂಚ್ ನಿರ್ದೇಶಕ ಗೊದಾರ್‌ನ 1960ರ ಮೊದಲ ಕಥಾಚಿತ್ರಕ್ಕೆ ಗಾಲಿಕುರ್ಚಿಯಲ್ಲಿ ಕೂತು ಶೂಟ್ ಮಾಡಿದನಂತೆ, ತಳ್ಳಿದ್ದು ನಿರ್ದೇಶಕನೇ. ನಿನಗದು ರೋಮಾಂಚನ. ನನ್ನ ಕಣ್ಣಿಗೆ ಬಿದ್ದದ್ದು ಬೇರೆ: ಅವನು ಕೂತಿದ್ದ, ಹಿಂದೊಬ್ಬ ಹಿಡಿದುಕೊಂಡಿದ್ದ.

2021ರ ಅಕ್ಟೋಬರಿನದನ್ನೂ ಓದಿದೆ. ನ್ಯೂ ಮೆಕ್ಸಿಕೋದಲ್ಲಿ ಕಡಿಮೆ ಬಜೆಟ್ಟಿನ ಚಿತ್ರವೊಂದರ ರಿಹರ್ಸಲ್ ವೇಳೆ ಬಂದೂಕಿನಿಂದ ನಿಜವಾದ ಗುಂಡು ಹಾರಿ ಛಾಯಾಗ್ರಾಹಕಿ ಹಲೀನಾ ಹಚಿನ್ಸ್ ತೀರಿಹೋದಳು. ಕ್ಯಾಮೆರಾ ತಂಡದ ಹಲವರು ಅಲ್ಲಿನ ವ್ಯವಸ್ಥೆಗೆ ಬೇಸತ್ತು ಆ ದಿನ ಬೆಳಿಗ್ಗೆಯಷ್ಟೇ ಕೆಲಸ ಬಿಟ್ಟು ಹೋಗಿದ್ದರು. ಸಿನಿಮಾ ನಿಂತುಹೋಗುತ್ತೆ ಅಂತ ಹಲ್ಲುಕಚ್ಚಿಕೊಂಡು ಇರುವವಳು ನೀನು, ನನಗೆ ಗೊತ್ತಿಲ್ಲವೇ? ಈಗ ನೀನು ಒಂದು ವಿಭಾಗದ ಮುಖ್ಯಸ್ಥೆ. ನೀನು ಆಗಲ್ಲ ಅಂದರೆ ಆ ಶಾಟ್ ಆಗಬಾರದು. ನಿನ್ನ ಸಹಾಯಕರಿಗೂ ಮನೆಯಲ್ಲಿ ಅಮ್ಮಂದಿರಿದ್ದಾರೆ.

ಕೆಲಸದ ಗಂಟೆ ಎಷ್ಟು, ವಿಮೆ ಯಾರದು, ಎಲ್ಲ ಒಪ್ಪಂದದಲ್ಲಿ ಬರೆಸಿಕೋ. ರಾತ್ರಿ ಫೂಟೇಜ್ ಕಾಪಿ ಮಾಡಲು ಬೇರೆಯವರನ್ನು ಕೂರಿಸಿ ನೀನು ಮಲಗು. ಇನ್ನೊಂದು ಕಣ್ಣು ತೆರೆದಿಟ್ಟೇ ಶೂಟ್ ಮಾಡುವುದನ್ನು ರೂಢಿ ಮಾಡ್ಕೋ, ಹಳೆಯ ಕ್ಯಾಮೆರಾಮನ್‌ಗಳೆಲ್ಲ ಅದನ್ನೇ ಹೇಳುತ್ತಾರಂತೆ. ಸಾಕಮ್ಮ ಉಪದೇಶ ಅಂತೀಯ. ಅನ್ನು.

ತಲುಪಿದ ಕೂಡಲೇ, ಕ್ಯಾಮೆರಾ ಹೊತ್ತು ಹ್ಯಾಂಡ್‌ಹೆಲ್ಡ್ ಮಾಡುವಾಗ ನಿನ್ನ ಬೆನ್ನು ಹಿಡಿಯುವವರು ಯಾರು ಅಂತ ಹೆಸರು ಕಳಿಸು. ಸೌಂಡ್‌ನವನ ಹೆಸರು ಬೇಡ.

ಇಂತಿ,
ನಿನ್ನ ಅಮ್ಮ