ಲಾರಿ ಡ್ರೈವರ್ ಎಲ್ಲಿ ಮಲಗಬೇಕು?

ಮಾನ್ಯರೇ,

ಅಶೋಕ ಸಾಲುಮರ ನೆಡಿಸಿದ ಅಂತ ಶಾಲೆಯಲ್ಲಿ ಎಲ್ಲರೂ ಬಾಯಿಪಾಠ ಮಾಡಿದ್ದೇವೆ. ಯಾಕೆ ನೆಡಿಸಿದೆ ಅನ್ನೋದನ್ನು ಅವನೇ ಕಂಬದ ಮೇಲೆ ಕೆತ್ತಿಸಿದ್ದಾನೆ, ಆ ಕಂಬ ಈಗ ದೆಹಲಿಯ ಫಿರೋಜ್ ಷಾ ಕೋಟ್ಲಾದಲ್ಲಿದೆ. ಜನರಿಗೂ ದನಕರುಗಳಿಗೂ ನೆರಳಾಗಲಿ ಅಂತ ಆಲದ ಮರ. ಜೊತೆಗೆ ಮಾವಿನ ತೋಪು, ಬಾವಿ, ತಂಗುವ ಜಾಗ, ಅಲ್ಲಲ್ಲಿ ಅರವಟ್ಟಿಗೆ.

ದೆಹಲಿ ಸುಲ್ತಾನ ಶೇರ್ ಷಾ ಆಳಿದ್ದು 1540ರಿಂದ 1545ರವರೆಗೆ, ಬರೀ ಐದು ವರ್ಷ. ಅಷ್ಟರಲ್ಲೇ, ನಾವು ಗ್ರ್ಯಾಂಡ್ ಟ್ರಂಕ್ ರಸ್ತೆ ಅನ್ನುವ ದಾರಿಯುದ್ದಕ್ಕೂ ಎರಡೆರಡು ಕೋಸಿಗೆ, ಅಂದರೆ ಸುಮಾರು ಆರೇಳು ಕಿಲೋಮೀಟರಿಗೆ ಒಂದು ಸರಾಯಿ, ಅಂದರೆ ಪ್ರಯಾಣಿಕರು ತಂಗುವ ಛತ್ರ, ಕಟ್ಟಿಸಿದ ಅಂತ ಅವನ ಚರಿತ್ರೆ ಬರೆದ ಅಬ್ಬಾಸ್ ಖಾನ್ ಸರ್ವಾನಿ ಹೇಳಿದ್ದಾನೆ. ಬಿಸಿನೀರು, ತಣ್ಣೀರು, ಮಂಚ, ಊಟ, ಕುದುರೆಗೆ ಮೇವು, ಎಲ್ಲಾ ಅಲ್ಲೇ.

ಇವತ್ತು ಅದೇ ದಾರಿಯಲ್ಲಿ ರಾತ್ರಿ ಹೋಗಿ ನೋಡಿ. ಲಾರಿ ಹೆದ್ದಾರಿ ಅಂಚಲ್ಲೇ ನಿಂತಿರುತ್ತೆ, ಚಕ್ರಕ್ಕೆ ಕಲ್ಲು ಕೊಟ್ಟು ಡ್ರೈವರ್ ಸೀಟಿನ ಮೇಲೆ ಮುದುರಿಕೊಂಡಿರುತ್ತಾನೆ. ಸೆಕೆ, ಸೊಳ್ಳೆ, ಡೀಸೆಲ್ ಕದಿಯುತ್ತಾರೆ ಅನ್ನುವ ಭಯ. ಅದು ನಿದ್ದೆನಾ? ಹಿಂದಿನಿಂದ ಬರುವವನಿಗೂ ನಿದ್ದೆಗಣ್ಣು, ಕತ್ತಲಲ್ಲಿ ನಿಂತ ಲಾರಿ ಕಾಣದೆ ಗುದ್ದುತ್ತಾನೆ, ಮಾರನೇ ದಿನ ಪೇಪರಲ್ಲಿ ನಾಲ್ಕು ಸಾಲು ಬರುತ್ತೆ.

ಕಾನೂನು ಇಲ್ಲ ಅಂತಲ್ಲ. 2025ರ ನವೆಂಬರ್‌ವರೆಗೆ ಜಾರಿಯಲ್ಲಿದ್ದ 1961ರ ಮೋಟಾರು ಸಾರಿಗೆ ಕಾರ್ಮಿಕರ ಕಾಯ್ದೆಯೇ ದಿನಕ್ಕೆ ಎಂಟು ಗಂಟೆ ಕೆಲಸ ಅನ್ನುತ್ತಿತ್ತು, ಐದು ಗಂಟೆ ದುಡಿದ ಮೇಲೆ ಅರ್ಧ ಗಂಟೆ ವಿಶ್ರಾಂತಿ ಕೊಡಬೇಕು ಅನ್ನುತ್ತಿತ್ತು. ಸರಿ, ಆ ಅರ್ಧ ಗಂಟೆ ಗಾಡಿ ಎಲ್ಲಿ ನಿಲ್ಲಿಸಬೇಕು? 2025ರ ಅಕ್ಟೋಬರ್‌ನಿಂದ ತಯಾರಾಗುವ ಲಾರಿಗಳ ಕ್ಯಾಬಿನ್‌ಗೆ ಎಸಿ ಕಡ್ಡಾಯ ಮಾಡಿದ್ದು ಒಳ್ಳೆಯದೇ. ಆದರೆ ಹಳೇ ಲಾರಿಗಳೇ ಜಾಸ್ತಿ, ಮತ್ತೆ ಎಸಿ ಇದ್ದ ಮಾತ್ರಕ್ಕೆ ಕಾಲು ಚಾಚಿ ಮಲಗಲು ಜಾಗ ಸಿಗಲ್ಲ, ಸ್ನಾನಕ್ಕೆ ನೀರೂ ಬರಲ್ಲ.

ಹಳೇ ಕಾಲದ ಕೋಸ್ ಮಿನಾರ್‌ಗಳನ್ನು, ಅಂದರೆ ದಾರಿಯ ದೂರ ತೋರಿಸುವ ಕಂಬಗಳನ್ನು, ಸ್ಮಾರಕ ಅಂತ ಕಾಪಾಡುತ್ತಿದ್ದೇವೆ, ದೆಹಲಿ ಮೃಗಾಲಯದ ಒಳಗೂ ಒಂದಿದೆ. ಖಂಡಿತ ಕಾಪಾಡಬೇಕು. ಆದರೆ ಆ ಕಂಬ ನಿಲ್ಲಿಸಿದ್ದು ದಾರಿಹೋಕರಿಗಾಗಿ ಅಲ್ವಾ? ಅವರನ್ನೇ ಮರೆತಿದ್ದೇವೆ.

ಹೆದ್ದಾರಿ ಗುತ್ತಿಗೆ ಕೊಡುವಾಗಲೇ ಇಷ್ಟು ದೂರಕ್ಕೊಂದು ಲಾರಿ ನಿಲ್ಲಿಸುವ ಜಾಗ, ದೀಪ, ಕಾವಲು, ಶೌಚಾಲಯ, ಮಲಗಲು ಕೋಣೆ ಅಂತ ಬರೆಸಿ. ಅವು ಆಗದೆ ಟೋಲ್ ವಸೂಲಿಗೆ ಅನುಮತಿ ಕೊಡಬೇಡಿ.

– ಒಬ್ಬ ಓದುಗ