ಕೇಳಿ ಫೋನ್ ಮಾಡುವ ಗೆಳೆಯನಿಗೆ

ಪ್ರೀತಿಯ ಭಟ್ಟ,

ಮೊನ್ನೆ ನಿನ್ನ ಮೆಸೇಜ್ ಬಂತು: ‘ಫ್ರೀ ಇದ್ದೀಯಾ? ಫೋನ್ ಮಾಡ್ಲಾ?’ ಎಂತ ಮಾರಾಯ, ನಿನಗೆ ಯಾವಾಗಿಂದ ಈ ಮರ್ಯಾದೆ ಬಂತು? ಕುಮಟೆಯ ಛತ್ರಿ ಪ್ರಕರಣದಲ್ಲಿ ಇದರ ಅರ್ಧ ಇದ್ದಿದ್ದರೂ ಸಾಕಿತ್ತು. (ಓದುತ್ತಿರುವ ಉಳಿದವರು ಕ್ಷಮಿಸಬೇಕು, ಆ ಕಥೆ ಇಲ್ಲಿ ಹೇಳುವ ಹಾಗಿಲ್ಲ.)

ಮುಂಬೈ ಮಾಟುಂಗದ ಎಸ್‌ಟಿಡಿ ಬೂತ್ ನೆನಪಿದೆಯಾ? ರಾತ್ರಿ ಹನ್ನೊಂದಾದ ಮೇಲೆ ಚಾರ್ಜು ನಾಲ್ಕರಲ್ಲೊಂದು ಭಾಗ ಅಷ್ಟೇ. ಹೋಟೆಲ್ ಬಾಗಿಲು ಹಾಕಿ ಬಂದ ಹುಡುಗರೆಲ್ಲ ಸಾಲಾಗಿ ನಿಲ್ಲುತ್ತಿದ್ದರು, ಕೈಯಲ್ಲಿ ಊರಿನ ಪಿ.ಪಿ. ನಂಬರ್, ಅಂದರೆ ಪಕ್ಕದ ಮನೆಯ ಫೋನ್ ನಂಬರ್, ಬರೆದ ಚೀಟಿ. ಪಕ್ಕದ ಮನೆಯವರನ್ನು ನಿದ್ದೆಯಿಂದ ಎಬ್ಬಿಸಿ, ‘ಸ್ವಲ್ಪ ಅಮ್ಮನ್ನ ಕರೀರಿ, ಐದು ನಿಮಿಷ ಬಿಟ್ಟು ಮಾಡ್ತೇನೆ’ ಎಂದು ಇಟ್ಟುಬಿಡುವುದು. ಮೀಟರಿನ ಕೆಂಪು ಅಂಕಿ ಓಡಿದ ಹಾಗೆ ಮಾತೂ ಓಡುತ್ತಿತ್ತು. ಯಾರ ಮನೆಯ ಹಸು ಕರು ಹಾಕಿತು, ಯಾರ ತಂಗಿಗೆ ಗಂಡು ಬಂತು, ಹೊರಗೆ ನಿಂತವರಿಗೆಲ್ಲ ಗೊತ್ತು.

2003ರಲ್ಲಿ ಮೊಬೈಲಿಗೆ ಒಳಬರುವ ಕರೆ ಫ್ರೀ ಆಯಿತಲ್ಲ, ಆಮೇಲೆ ನಾವು ಮಾತಾಡಿದ್ದಕ್ಕಿಂತ ಮಿಸ್ ಕಾಲ್ ಕೊಟ್ಟಿದ್ದೇ ಜಾಸ್ತಿ. ಒಂದು ರಿಂಗ್ ಆದರೆ ರೈಲು ಥಾಣೆ ದಾಟಿತು, ಎರಡಾದರೆ ಕೆಳಗೆ ಬಾ. ಸಂಬಳ ಜಾಸ್ತಿ ಇದ್ದವನೇ ವಾಪಸ್ ಮಾಡಬೇಕು. ನನಗೆ ಪ್ರಮೋಷನ್ ಆದ ದಿನದಿಂದ ನೀನು ಒಂದು ಕಾಲನ್ನೂ ಪೂರ್ತಿ ಮಾಡಲಿಲ್ಲ, ಕಳ್ಳ.

2016ರಲ್ಲಿ ಜಿಯೋ ಬಂದು ಮಾತು ಪುಕ್ಕಟೆ ಆಯಿತು. ಇನ್ನು ಮಾತಾಡಿದ್ದೇ ಮಾತಾಡಿದ್ದು ಅಂದುಕೊಂಡೆವು, ಅಲ್ವಾ? ಈಗ ನೋಡಿದರೆ ಹೇಳದೆ ಕೇಳದೆ ಫೋನ್ ಮಾಡುವವರು ಸಾಲ ಕೊಡುವವರು ಮಾತ್ರ. ಇಲ್ಲವೇ ಊರಲ್ಲಿ ಯಾರೋ ಹೋಗಿರಬೇಕು. ಉಳಿದದ್ದಕ್ಕೆಲ್ಲ ಗ್ರೂಪ್ ಇದೆ. ಹಸು ಕರು ಹಾಕಿದರೆ ಒಂದು ಫೋಟೋ, ಅದರ ಕೆಳಗೆ ಸಾಲು ಹೆಬ್ಬೆರಳು.

ನಿನ್ನ ಮೆಸೇಜಿಗೆ ‘ಮೀಟಿಂಗ್ ಇದೆ’ ಅಂದೆ. ಇರಲಿಲ್ಲ. ಡೊಂಬಿವಲಿಯ ಮನೆಯಲ್ಲಿ ಸುಮ್ನೆ ಬಟ್ಟೆ ಮಡಚುತ್ತಿದ್ದೆ. ನೀನು ಊರು ಸೇರಿದ ಮೇಲೆ ಫೋನಿನಲ್ಲಿ ನಿನ್ನ ದನಿಯ ಹಿಂದೆ ಏನೇನೋ ಕೇಳುತ್ತದೆ. ಹೆಂಚಿನ ಮೇಲೆ ಮಳೆ. ‘ಊಟಕ್ಕೆ ಬಾರೋ’ ಅನ್ನುವುದು. ನಿನ್ನ ಅಪ್ಪನ ಕೆಮ್ಮು. ಮೆಸೇಜಿನಲ್ಲಿ ಇದ್ಯಾವುದೂ ಬರುವುದಿಲ್ಲ, ಅದಕ್ಕೇ ನನಗೆ ಮೆಸೇಜು ಆರಾಮ. ಆ ಕೆಮ್ಮು ಕೇಳಿದರೆ ನನಗೆ ಹೊಟ್ಟೆಕಿಚ್ಚು ಮಾರಾಯ. ನನ್ನ ಅಪ್ಪ ಹೋದಾಗ ನಾನು ಕೊಂಕಣ ರೈಲಿನಲ್ಲಿ, ರತ್ನಾಗಿರಿ ಹತ್ತಿರದ ಕರಬುಡೆ ಸುರಂಗದಲ್ಲಿದ್ದೆ. 6.5 ಕಿಲೋಮೀಟರ್, ರೇಂಜೇ ಇಲ್ಲ. ಹೊರಗೆ ಬಂದಾಗ ಫೋನಿನಲ್ಲಿ ಇದ್ದದ್ದು ನಿನ್ನ ಮಿಸ್ ಕಾಲ್. ಅವತ್ತು ವಾಪಸ್ ಮಾಡುವ ಮೊದಲೇ ಗೊತ್ತಾಗಿತ್ತು.

ಇರಲಿ. ಇಷ್ಟೆಲ್ಲ ಬರೆಯುವ ಪ್ಲಾನ್ ಇರಲಿಲ್ಲ. ಬೂತಿನ ಕಥೆ ಹೇಳಿ ನಾಲ್ಕು ಲೈಕ್ ಗಿಟ್ಟಿಸೋಣ ಅಂತ ಕೂತದ್ದು. ಭಾನುವಾರ ಮಾಡು. ರಿಪೇರಿಗೆಂದು ಸೆಂಟ್ರಲ್ ಲೈನಿನ ಲೋಕಲ್ ರೈಲಿಗೆ ಮೆಗಾ ಬ್ಲಾಕ್, ನಾನೆಲ್ಲೂ ಹೋಗುವುದಿಲ್ಲ. ಎರಡರಿಂದ ನಾಲ್ಕು ಮಾತ್ರ ಬೇಡ. ಆಗ ನಿಜವಾಗಿಯೂ ಮೀಟಿಂಗ್ ಇರುತ್ತದೆ, ದಿಂಬಿನ ಜೊತೆ.

ನಿನ್ನ,
ಡೊಂಬಿವಲಿಯವ