ಕಂಟೆಂಪ್ಟ್ ಹಾಕಿದರೆ ಮಾತ್ರ ಫೈಲ್ ಓಡುತ್ತಾ?

ಸಂಪಾದಕರೇ,

ನಾನು ನಿವೃತ್ತ ಮೇಷ್ಟ್ರು. ಬರಬೇಕಾದ ವೇತನ ಬಾಕಿಗಾಗಿ ಹೈಕೋರ್ಟಿಗೆ ಹೋಗಿ ಗೆದ್ದೆ. ಆದೇಶದ ಪ್ರತಿ ತಲುಪಿದ ಮೂರು ತಿಂಗಳೊಳಗೆ ಹಣ ಕೊಡಿ ಅಂತ ಅದರಲ್ಲಿ ಬರೆದಿತ್ತು. ಆ ಪ್ರತಿಯನ್ನು ಪ್ಲಾಸ್ಟಿಕ್ ಕವರಿನಲ್ಲಿ ಜೋಪಾನವಾಗಿಟ್ಟುಕೊಂಡು ಹೋಗಿ ನಮ್ಮ ಇಲಾಖೆ ಕಚೇರಿಯ ಟಪಾಲು ವಿಭಾಗಕ್ಕೆ ಕೊಟ್ಟೆ, ಸೀಲು ಹೊಡೆದು ಸ್ವೀಕೃತಿಯನ್ನೂ ಕೊಟ್ಟರು. ಗಡುವು ಮುಗಿದ ಮೇಲೆ ಹೋಗಿ ಕೇಳಿದರೆ ಅಲ್ಲಿನ ಗುಮಾಸ್ತರು, ಪಾಪ ಒಳ್ಳೆಯವರೇ, ಕುರ್ಚಿ ಎಳೆದು ಕೂರಿಸಿ, "ಒಂದು ಕಂಟೆಂಪ್ಟ್ ಹಾಕ್ಬಿಡಿ ಸಾರ್, ನೋಟಿಸ್ ಬಂದ್ರೆ ಫೈಲ್ ತಾನಾಗೇ ಓಡುತ್ತೆ" ಅಂದರು. ಕೊಂಕಿನಿಂದ ಹೇಳಿದ್ದಲ್ಲ. ಅಲ್ಲಿ ಅದೇ ರೂಢಿ.

ಕಂಟೆಂಪ್ಟ್, ಅಂದರೆ ನ್ಯಾಯಾಂಗ ನಿಂದನೆ, ಜಡ್ಜಿಗೆ ಬೈಯುವುದು ಮಾತ್ರ ಅಂತ ನಾನೂ ತಿಳಿದಿದ್ದೆ. ಗೊತ್ತಿದ್ದೂ ಬೇಕಂತಲೇ ಆದೇಶ ಪಾಲಿಸದಿದ್ದರೆ ಅದೂ ನಿಂದನೆಯೇ, ಸಿವಿಲ್ ನಿಂದನೆ. 1971ರ ಕಾಯ್ದೆಯಲ್ಲಿ ಇದಕ್ಕೆ ಆರು ತಿಂಗಳವರೆಗೆ ಸಜೆ, 2000 ರೂಪಾಯಿವರೆಗೆ ದಂಡ. ಆಗ ಅದು ದೊಡ್ಡ ಮೊತ್ತವೇ. ಈಗ ನಾನು ಬೆಂಗಳೂರಿಗೆ ಹೋಗಿ ವಕೀಲರನ್ನು ಕಂಡು ಒಂದು ರಾತ್ರಿ ಲಾಡ್ಜಿನಲ್ಲಿದ್ದು ಬಂದರೆ ಅದಕ್ಕಿಂತ ಜಾಸ್ತಿ ಖರ್ಚಾಗುತ್ತದೆ! ಜೈಲೂ ಅಪರೂಪ. 1995ರಲ್ಲಿ ನಮ್ಮದೇ ರಾಜ್ಯದ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಸುಪ್ರೀಂ ಕೋರ್ಟ್ ಒಂದು ತಿಂಗಳ ಸಜೆ ವಿಧಿಸಿತ್ತು, ಹಳೆಯ ವಕೀಲರು ಈಗಲೂ ಅದನ್ನೇ ಉದಾಹರಣೆ ಕೊಡುತ್ತಾರೆ. ಸಾಮಾನ್ಯವಾಗಿ ನಡೆಯುವುದೇ ಬೇರೆ. ವಿಚಾರಣೆಯ ಹಿಂದಿನ ದಿನ ಹಣ ಮಂಜೂರು, ಮರುದಿನ ಬೇಷರತ್ ಕ್ಷಮೆ, ಕೇಸು ಮುಕ್ತಾಯ. ಗೆದ್ದವನ ಎರಡನೇ ಸಲದ ವಕೀಲರ ಫೀಸು ಮಾತ್ರ ಯಾರ ಲೆಕ್ಕಕ್ಕೂ ಬರುವುದಿಲ್ಲ.

"ಮೇಲ್ಮನವಿ ಹಾಕ್ತಿದ್ದೀವಿ" ಅನ್ನುವುದು ಇನ್ನೊಂದು ನೆಪ. ತಡೆಯಾಜ್ಞೆ ಇಲ್ಲದಿದ್ದರೆ ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ ಅಂತ ಕಚೇರಿಯವರಿಗೆ ಗೊತ್ತಿಲ್ಲವೇ? ಚೆನ್ನಾಗಿ ಗೊತ್ತು.

ಅಧಿಕಾರಿಗಳನ್ನು ಕಟಕಟೆಯಲ್ಲಿ ನಿಲ್ಲಿಸಿ ಅಂತ ನಾನು ಹೇಳುತ್ತಿಲ್ಲ. ಮಾತೆತ್ತಿದರೆ ಅವರನ್ನು ಕೋರ್ಟಿಗೆ ಕರೆಸಬೇಡಿ ಎಂದು 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ, ಅದು ಸರಿ ಕೂಡ. ಬದಲಿಗೆ ಆದೇಶದಲ್ಲೇ ಯಾವ ಹುದ್ದೆಯವರು ಹೊಣೆ, ಪಾಲನಾ ವರದಿ ಯಾವ ತಾರೀಖಿಗೆ ಕೊಡಬೇಕು ಅಂತ ಬರೆದುಬಿಡಲಿ. ಕಂಟೆಂಪ್ಟ್ ಹಾಕಿದ ಮೇಲೆಯೇ ಹಣ ಕೊಟ್ಟರೆ ನನ್ನ ಖರ್ಚು ಆ ಅಧಿಕಾರಿಯ ಸಂಬಳದಿಂದ ಬರಲಿ, ಖಜಾನೆಯಿಂದ ಅಲ್ಲ. ಖಜಾನೆಯಿಂದ ಕೊಟ್ಟರೆ ಅದೂ ನಮ್ಮದೇ ದುಡ್ಡು ಅಲ್ವಾ?

ಇದಕ್ಕೂ ಒಂದು ವರ್ಷದ ಮಿತಿ ಇದೆ. ಆದೇಶ ಮುರಿದ ಒಂದು ವರ್ಷದೊಳಗೆ ಅರ್ಜಿ ಹಾಕದಿದ್ದರೆ ನಿಂದನೆಯ ದಾರಿ ಮುಚ್ಚಿದಂತೆ. "ನಾಳೆ ಬನ್ನಿ, ಸಾಹೇಬರು ಮೀಟಿಂಗಲ್ಲಿದ್ದಾರೆ" ಅನ್ನುವ ಮಾತನ್ನು ನಂಬಿ ಸುಮ್ನೆ ಅಲೆಯುವವರು ಕಳೆದುಕೊಳ್ಳುವುದು ಇಲ್ಲೇ. ನನ್ನ ಗಡುವು ಮುಗಿದು ಹನ್ನೊಂದು ತಿಂಗಳಾಯಿತು. ಸೋಮವಾರ ವಕೀಲರು ಬರಹೇಳಿದ್ದಾರೆ.

– ಒಬ್ಬ ನಿವೃತ್ತ ಶಿಕ್ಷಕ, ಅರಸೀಕೆರೆ